ಕಾಲೇಜು ಎದುರಿನ ಜೆರಾಕ್ಸ್ ಅಂಗಡಿಯಿಂದ ಉನ್ನತ ಶಿಕ್ಷಣ ಸಚಿವರಿಗೆ ಒಂದು ಬಹಿರಂಗ ಪತ್ರ

ಇವರಿಗೆ,
ಮಾನ್ಯ ಉನ್ನತ ಶಿಕ್ಷಣ ಸಚಿವರು, ಕರ್ನಾಟಕ ಸರ್ಕಾರ.
ಹಾಗೇ ಕಾಲೇಜು ಶಿಕ್ಷಣ ಇಲಾಖೆಯ ಆಯುಕ್ತರಿಗೆ, ರಾಜ್ಯದ ಎಲ್ಲಾ ಸರ್ಕಾರಿ ಪ್ರಥಮ ದರ್ಜೆ ಕಾಲೇಜುಗಳ ಪ್ರಿನ್ಸಿಪಾಲರಿಗೆ.

ವಿಷಯ: ಮನೇಲಿ ಮೊದಲನೇ ಸಲ ಡಿಗ್ರಿ ಓದ್ತಿರೋ ಮಕ್ಕಳಿಗೆ ದಾರಿ ಹೇಳೋಕೆ ಕಾಲೇಜಲ್ಲಿ ಒಬ್ಬ ಮನುಷ್ಯನ್ನ ಕೂರಿಸೋ ಬಗ್ಗೆ.

ಮಾನ್ಯರೇ,

ನಮಸ್ಕಾರ. ನಾನು ಚಾಮರಾಜನಗರ ಜಿಲ್ಲೆಯ ಒಂದು ತಾಲ್ಲೂಕು ಊರಲ್ಲಿ ಸರ್ಕಾರಿ ಡಿಗ್ರಿ ಕಾಲೇಜಿನ ಎದುರುಗಡೆ ಜೆರಾಕ್ಸ್ ಅಂಗಡಿ ಇಟ್ಕೊಂಡಿದೀನಿ. ಎರಡು ಕಂಪ್ಯೂಟರು, ಒಂದು ಪ್ರಿಂಟರು, ಒಂದು ಲ್ಯಾಮಿನೇಷನ್ ಮಿಷನ್ನು, ಕರೆಂಟ್ ಹೋದ್ರೆ ಅರ್ಧ ಗಂಟೆ ಬರೋ ಯುಪಿಎಸ್ಸು, ಅಷ್ಟೇ ಬಂಡವಾಳ. ಹನ್ನೊಂದು ವರ್ಷದಿಂದ ಅಡ್ಮಿಷನ್ನು, ಸ್ಕಾಲರ್‌ಶಿಪ್ಪು, ಹಾಸ್ಟೆಲ್ಲು, ಎಕ್ಸಾಂ ಫೀಸು, ಬಸ್ ಪಾಸು ಅಂತ ಸಾವಿರಾರು ಅರ್ಜಿ ತುಂಬಿದೀನಿ. ನಾನು ಮೇಷ್ಟ್ರಲ್ಲ, ಯಾವ ಸಂಘಟನೆಯವನೂ ಅಲ್ಲ. ಆದ್ರೂ ಈ ಪತ್ರ ಬರೀಬೇಕು ಅಂತ ಯಾಕನ್ನಿಸ್ತು ಅಂದ್ರೆ, ನಿಮ್ಮ ಇಲಾಖೆ ಮಾಡ್ಬೇಕಾದ ಒಂದು ಕೆಲಸ ಹೆಂಗೋ ಬಂದು ನನ್ನ ತಲೆಗೆ ಬಿದ್ದಿದೆ, ಅದನ್ನ ಮಾಡೋ ಯೋಗ್ಯತೆ ನಂಗಿಲ್ಲ.

ಹೋದ ವರ್ಷ ಅಡ್ಮಿಷನ್ ಟೈಮಲ್ಲಿ ನಡೆದಿದ್ದು ಹೇಳ್ತೀನಿ. ಬೆಳಗ್ಗೆ ಹತ್ತು ಗಂಟೆ ಇರಬೇಕು, ಅಂಗಡಿ ಮುಂದೆ ಆಗ್ಲೇ ಇಪ್ಪತ್ತು ಜನ. ಒಬ್ಬ ಹುಡುಗಿ, ಜೊತೆಗೆ ಅವ್ರಪ್ಪ. ಅರಿಶಿಣದ ಹೊಲದಲ್ಲಿ ಕೂಲಿ ಮಾಡೋರು ಅಂತ ಅವರ ಉಗುರು ನೋಡಿದ್ರೇ ಗೊತ್ತಾಗ್ತಿತ್ತು. ಜವಳಿ ಅಂಗಡಿಯ ಪ್ಲಾಸ್ಟಿಕ್ ಕವರಲ್ಲಿ ಎಲ್ಲಾ ದಾಖಲೆ ಮಡಚಿ ಇಟ್ಕೊಂಡಿದ್ರು, ಎಸ್ಸೆಸ್ಸೆಲ್ಸಿ ಮಾರ್ಕ್ಸ್ ಕಾರ್ಡು ಮಡಿಕೆ ಇರೋ ಜಾಗದಲ್ಲಿ ಹರಿಯೋ ಹಂಗಾಗಿತ್ತು. ಆ ಮನುಷ್ಯ ಚಪ್ಪಲಿನ ಹೊರಗೆ ಬಿಟ್ಟು ಒಳಗೆ ಬಂದ್ರು. ನನ್ನ ಅಂಗಡಿಗೆ! ನೆಲದ ಮೇಲೆ ಪೇಪರ್ ಚೂರು, ಟೋನರ್ ಪುಡಿ ಬಿದ್ದಿರೋ ಜಾಗಕ್ಕೆ. "ಚಪ್ಲಿ ಹಾಕ್ಕೊಂಡೇ ಬನ್ನಿ ಯಜಮಾನ್ರೇ" ಅಂದ್ರೂ ಕೇಳಲಿಲ್ಲ.

ಅರ್ಜೀಲಿ ಕಾಂಬಿನೇಷನ್ ಕಾಲಮ್ ಬಂತು. "ಯಾವುದು ಹಾಕ್ಲಮ್ಮ, ಎಚ್‌ಇಪಿನೋ, ಎಚ್‌ಇಕೆನೋ?" ಅಂದೆ. ಹುಡುಗಿ ಅಪ್ಪನ್ನ ನೋಡಿದ್ಲು, ಅಪ್ಪ ನನ್ನ ನೋಡಿದ್ರು. "ನಮ್ಗೇನ್ ಗೊತ್ತಾದು ಸಾ, ಒಸಿ ನೀವೇ ನೋಡಿ ಹಾಕ್ಬುಡಿ" ಅಂದ್ರು. ಹಿಂದೆ ಕ್ಯೂ ಬೆಳೀತಾ ಇದೆ, ಒಬ್ಬ ಆಗ್ಲೇ "ಅಣ್ಣ ಬೇಗ, ಬಸ್ಸಿದೆ" ಅಂತಿದಾನೆ. ನಾನು ಎರಡು ನಿಮಿಷದಲ್ಲಿ ಇತಿಹಾಸ, ಅರ್ಥಶಾಸ್ತ್ರ, ರಾಜ್ಯಶಾಸ್ತ್ರ ಅಂತ ಒತ್ತಿಬಿಟ್ಟೆ. ಒಂದು ಮಗೂನ ಮೂರು ವರ್ಷದ ಓದನ್ನ, ಒಂಥರಾ ಅದರಾಚೆಗಿನ ಕೆಲಸಾನೂ, ಜೆರಾಕ್ಸ್ ಅಂಗಡಿಯವನು ಎರಡು ನಿಮಿಷದಲ್ಲಿ ನಿರ್ಧಾರ ಮಾಡ್ದ. ಪ್ರಿಂಟ್ ಕೊಟ್ಟು ಐವತ್ತು ರೂಪಾಯಿ ಇಸ್ಕೊಂಡೆ. ಅವಳು ಹೊರಡೋವಾಗ ಕೇಳಿದ್ಲು, "ಅಣ್ಣ, ಇದ್ ಓದುದ್ರೆ ಕನ್ನಡ ಮಿಸ್ ಆಗ್ಬೋದಾ?" ಅಂತ. ಅವಳಿಗೆ ಕನ್ನಡ ಟೀಚರ್ ಆಗ್ಬೇಕಿತ್ತಂತೆ. ಎಚ್‌ಇಕೆಯ ಕೆ ಅಂದ್ರೇನೇ ಕನ್ನಡ. ಆವಾಗ ಅವಳನ್ನ ಮತ್ತೆ ಕೂರಿಸ್ಕೊಂಡು ಕಾಲೇಜಿಗೆ ಹೋಗಿ ಹೇಳಿ ಸರಿ ಮಾಡ್ಸಿದ್ದಾಯ್ತು ಅನ್ನಿ. ಆದ್ರೆ ಕೇಳದೇ ಹೋದ ಎಷ್ಟು ಮಕ್ಕಳಿಗೆ ನಾನು ಹಿಂಗೆ ಒತ್ತಿದೀನೋ.

ಸರ್ಕಾರ ಏನೂ ಮಾಡಿಲ್ಲ ಅನ್ನೋಕೆ ನಾನು ಬಂದಿಲ್ಲ. ಹೆಚ್ಚಿನ ತಾಲ್ಲೂಕುಗಳಿಗೆ ಸರ್ಕಾರಿ ಕಾಲೇಜು ಬಂದಿದೆ, ರಾಜ್ಯದಲ್ಲಿ 400ಕ್ಕೂ ಹೆಚ್ಚು ಇದಾವೆ. ಎಸ್‌ಸಿ, ಎಸ್‌ಟಿ ಮಕ್ಕಳಿಗೆ ಪೋಸ್ಟ್ ಮೆಟ್ರಿಕ್ ಸ್ಕಾಲರ್‌ಶಿಪ್ ಇದೆ. ಹಾಸ್ಟೆಲ್ ಸಿಗದ ಹಿಂದುಳಿದ ವರ್ಗದ ಮಕ್ಕಳಿಗೆ ಊಟ, ವಸತಿ ಖರ್ಚಿಗೆ ಅಂತ ವಿದ್ಯಾಸಿರಿ ಇದೆ. ರೈತರ ಮಕ್ಕಳಿಗೆ ಅಂತ 2021ರಲ್ಲಿ ವಿದ್ಯಾನಿಧಿ ಬಂತು. 2023ರ ಜೂನಿಂದ ಹೆಣ್ಮಕ್ಕಳಿಗೆ ಬಸ್ ಫ್ರೀ ಆದ್ಮೇಲೆ ಕಾಲೇಜಿಗೆ ಬರೋ ಹುಡುಗೀರ ಸಂಖ್ಯೆ ಜಾಸ್ತಿ ಆಗಿದ್ದು ನನ್ನ ಅಂಗಡಿ ಕಟ್ಟೆ ಮೇಲೆ ಕೂತ್ಕೊಂಡೇ ನೋಡಿದೀನಿ. ಕೇಂದ್ರದ 2021-22ರ ಉನ್ನತ ಶಿಕ್ಷಣ ಸರ್ವೇಲಿ 18ರಿಂದ 23ರ ವಯಸ್ಸಿನ ದಾಖಲಾತಿ ದೇಶಕ್ಕೆ ಶೇ. 28.4 ಇದ್ರೆ ನಮ್ಮ ರಾಜ್ಯದ್ದು ಶೇ. 36.2 ಇತ್ತು. ಒಳ್ಳೇದೇ. ಅದೇ ಸರ್ವೇಲಿ ದೇಶದ ಎಸ್‌ಸಿಗಳದ್ದು 25.9, ಎಸ್‌ಟಿಗಳದ್ದು 21.2. ಆದ್ರೆ ಈ ಲೆಕ್ಕ ಎಲ್ಲಾ ಒಳಗೆ ಬಂದವರದ್ದು, ಸ್ವಾಮಿ. ಮಧ್ಯದಲ್ಲೇ ಎದ್ದು ಹೋದೋರು ಇದ್ರಲ್ಲಿ ಕಾಣಲ್ಲ.

ನಾನು ಹೇಳ್ಬೇಕಾಗಿರೋದು ಇಷ್ಟೇ, ಯೋಜನೆ ಎಲ್ಲಾ ಇದೆ, ಆದ್ರೆ ಅದರ ಹತ್ರಕ್ಕೆ ಹೋಗೋ ದಾರಿ ಮಾತ್ರ ಮನೇಲಿ ಓದಿದೋರು ಒಬ್ಬರಾದ್ರೂ ಇದಾರೆ ಅಂದ್ಕೊಂಡು ಮಾಡಿರೋದು. ನಮ್ಮ ಬೀದೀಲೇ ಹೈಸ್ಕೂಲ್ ಮೇಷ್ಟ್ರೊಬ್ಬರಿದಾರೆ. ಅವರ ಮಗಳ ಅಡ್ಮಿಷನ್ ಅಂದ್ರೆ ಅವರು ಮೇ ತಿಂಗಳಲ್ಲೇ ಇನ್‌ಕಮ್ ಸರ್ಟಿಫಿಕೇಟ್ ಅವಧಿ ನೋಡಿದ್ರು, ಮುಗಿದಿತ್ತು, ನಾಡಕಚೇರೀಲಿ ಹೊಸದು ಮಾಡ್ಸಿದ್ರು, ಮೈಸೂರಲ್ಲಿರೋ ಫ್ರೆಂಡಿಗೆ ಫೋನ್ ಮಾಡಿ ಯಾವ ಸಬ್ಜೆಕ್ಟಿಗೆ ಸ್ಕೋಪ್ ಇದೆ ಅಂತ ಕೇಳಿದ್ರು, ಮಗಳ ಅರ್ಜಿ ಮನೇಲೇ ಮೊಬೈಲಲ್ಲಿ ತುಂಬಿ ನನ್ನ ಹತ್ರ ಬರೀ ಪ್ರಿಂಟ್ ತಗೊಂಡ್ರು. ಐದು ರೂಪಾಯಿ. ಅದೇ ಕೂಲಿಯವರ ಮಗಳಿಗೆ ಮೂರು ದಿನ, ಮೂರು ಸಲ ಬಸ್ಸು, ಅಪ್ಪನ ಮೂರು ದಿನದ ಕೂಲಿ ಹೋಯ್ತು. ಇಬ್ಬರೂ ಕಟ್ಟಬೇಕಾದ ಫೀಸ್ ಒಂದೇ, ಹಾಗಂತ ಖರ್ಚು ಒಂದೇ ಅಲ್ಲ.

ಇದು ನಂಗೆ ಹೊಸದಾಗಿ ಗೊತ್ತಾಗಿದ್ದಲ್ಲ. ನಾನೂ ನಮ್ಮ ಮನೇಲಿ ಡಿಗ್ರಿ ಮಾಡಿದ ಮೊದಲನೆಯವನು. ನಮ್ಮಪ್ಪ ಕರಿಕಲ್ಲು ಕ್ವಾರೀಲಿ ಕೆಲಸ ಮಾಡ್ತಿದ್ರು, ಅವ್ವನಿಗೆ ಹೆಬ್ಬೆಟ್ಟು. ಬಿ.ಎ. ಮುಗಿಸಿ ಎಂ.ಎ.ಗೆ ಅರ್ಜಿ ಹಾಕಿದೆ. ಒಳ್ಳೇ ಮಾರ್ಕ್ಸೇ ಇತ್ತು. ಮನೆಗೆ ಪತ್ರ ಬಂತು, ಇಂಥಾ ದಿನ ಕೌನ್ಸೆಲಿಂಗ್ ಇದೆ ಬನ್ನಿ ಅಂತ. ಕೌನ್ಸೆಲಿಂಗ್ ಅಂದ್ರೆ ಬುದ್ಧಿ ಹೇಳೋದು ಅಂತ ನಂಗೆ ಗೊತ್ತಿದ್ದ ಅರ್ಥ. ಕುಡಿಯೋರಿಗೆ ಮಾಡ್ತಾರಲ್ಲ, ಹಂಗೆ. ನಂಗೆ ಯಾಕೆ ಬುದ್ಧಿ ಹೇಳ್ಬೇಕು, ಓದಬೇಕು ಅಂತ ತೀರ್ಮಾನ ಮಾಡಿ ಆಗಿದೆಯಲ್ಲ, ಸುಮ್ನೆ ಬಸ್ ಚಾರ್ಜ್ ದಂಡ ಅಂತ ಹೋಗಲಿಲ್ಲ. ಒಂದು ವಾರ ಬಿಟ್ಟು ಹೋಗಿ "ನನ್ನ ಕ್ಲಾಸು ಯಾವಾಗ ಶುರು ಸರ್" ಅಂತ ಕೇಳ್ದೆ. ಅಲ್ಲಿದ್ದ ಕ್ಲರ್ಕು ನಕ್ಕರು. ಸೀಟು ಹಂಚೋದೇ ಆ ದಿನ, ಬರದೇ ಇದ್ದೋರ ಸೀಟು ಮುಂದಿನವರಿಗೆ ಹೋಯ್ತು ಅಂದ್ರು. ಅವರ ಮೇಲೆ ನಂಗೆ ಸಿಟ್ಟಿಲ್ಲ, ನಗು ಬರೋ ಅಂಥದ್ದೇ ಅದು. ಆದ್ರೆ ನಾನು ಇವತ್ತು ಜೆರಾಕ್ಸ್ ಹೊಡೀತಾ ಇರೋದಕ್ಕೆ ಆ ಒಂದು ಪದ ಕಾರಣ, ಅದನ್ನ ಯಾರೂ ನಂಗೆ ಬಿಡಿಸಿ ಹೇಳಿರಲಿಲ್ಲ.

ಇವತ್ತೂ ನನ್ನ ಅಂಗಡೀಲಿ ಅದೇ ಕತೆ, ಪದಗಳು ಮಾತ್ರ ಜಾಸ್ತಿ ಆಗಿವೆ. ಬೋನಾಫೈಡ್, ಮೈಗ್ರೇಷನ್, ಎಲಿಜಿಬಿಲಿಟಿ, ಕ್ರೆಡಿಟ್ಸು, ಇಂಟರ್ನಲ್ಸು, ಎಲೆಕ್ಟಿವ್ವು, ಇ-ಅಟೆಸ್ಟೇಷನ್ನು. ಒಬ್ಬ ಹುಡುಗ "ಅಣ್ಣ, ಬೋನಾಫೈಡ್ ಅಂದ್ರೆ ಯಾವ್ದೋ ಫಾರ್ಮ್ ಅಂತೆ, ನಿಮ್ಮತ್ರ ಸಿಕ್ತದಂತೆ, ಒಂದ್ ಕೊಡಿ" ಅಂದ. ಈ ಕಾಲೇಜಲ್ಲೇ ಓದ್ತಿದಾನೆ ಅಂತ ಕಾಲೇಜೇ ಬರೆದುಕೊಡೋ ಚೀಟಿ ಕಣಪ್ಪ ಅದು, ನಾನು ಕೊಟ್ರೆ ಜೈಲಿಗೆ ಹೋಗ್ತೀನಿ ಅಂದೆ. ಪಾಪ, ಆಫೀಸಲ್ಲಿ ಕೇಳೋಕೆ ಭಯ. ಅಲ್ಲಿ ಬೈತಾರೋ ಇಲ್ವೋ ಗೊತ್ತಿಲ್ಲ, ಬೈತಾರೆ ಅಂತ ಮೊದಲೇ ಅಂದ್ಕೊಂಡಿರ್ತಾರೆ.

ಆಮೇಲೆ ಬ್ಯಾಂಕಿನ ವಿಷಯ. ಎಸ್‌ಎಸ್‌ಪಿ ಅಂದ್ರೆ ರಾಜ್ಯದ ಸ್ಕಾಲರ್‌ಶಿಪ್ ಪೋರ್ಟಲ್, ಅದರಲ್ಲಿ ದುಡ್ಡು ಆಧಾರ್ ಮೂಲಕ ಬರುತ್ತೆ, ಆಧಾರಿಗೆ ಕೊನೇಲಿ ಯಾವ ಖಾತೆ ಮ್ಯಾಪ್ ಆಗಿರುತ್ತೋ ಅಲ್ಲಿಗೆ ಹೋಗುತ್ತೆ. ಇದು ನಿಮಗೂ ಗೊತ್ತು, ನಂಗೂ ಗೊತ್ತು. ಮಗೂಗೆ ಗೊತ್ತಿಲ್ಲ. ಒಬ್ಬ ಬಿ.ಕಾಂ. ಹುಡುಗ ಕಾಲೇಜು ಹೇಳ್ತು ಅಂತ ಹೊಸ ಪಾಸ್‌ಬುಕ್ ಮಾಡ್ಸಿ ಒಂದು ವರ್ಷ ಕಾದ. ದುಡ್ಡು ಬರಲಿಲ್ಲ. ನನ್ನ ಹತ್ರ ಬಂದು ನೋಡಿದ್ರೆ ದುಡ್ಡು ಯಾವಾಗಲೋ ಜಮಾ ಆಗಿದೆ, ಸಂತೇಲಿ ಸಿಮ್ ತಗೊಂಡಾಗ ಬೆರಳು ಒತ್ತಿಸ್ಕೊಂಡು ಯಾರೋ ತೆಗೆದಿದ್ದ ಮೊಬೈಲ್ ಖಾತೆಗೆ. ಆ ಸಿಮ್ಮೇ ಕಳೆದುಹೋಗಿದೆ. ಅದನ್ನ ವಾಪಸ್ ತೆಗೆಸೋಕೆ ನಂಗೂ ಅವನಿಗೂ ಎರಡು ತಿಂಗಳಾಯ್ತು, ಅಷ್ಟರಲ್ಲಿ ಅವನು ಇಟ್ಟಿಗೆ ಗೂಡಿಗೆ ಕೆಲಸಕ್ಕೆ ಹೋಗೋಕೆ ಶುರು ಮಾಡಿದ್ದ. ಇನ್ನು ಹೆಸರಿನ ಪಾಡು ಹೇಳಬಾರದು. ನಮ್ಮ ಕಡೆ ಮನೆಗೊಬ್ಬ ಮಹದೇವ ಇರ್ತಾನೆ, ಮಾದಪ್ಪನ ಸೀಮೆ ಇದು. ಇಂಗ್ಲಿಷಲ್ಲಿ ಆಧಾರಲ್ಲಿ ಒಂಥರಾ ಬರೆದಿರ್ತಾರೆ, ಎಸ್ಸೆಸ್ಸೆಲ್ಸಿ ಕಾರ್ಡಲ್ಲಿ ನಡುವೆ ಒಂದು ಎಚ್ ಜಾಸ್ತಿ, ಜಾತಿ ಸರ್ಟಿಫಿಕೇಟಲ್ಲಿ ಕೊನೇಗೆ ಸ್ವಾಮಿ ಸೇರಿರುತ್ತೆ. ಪೋರ್ಟಲ್‌ಗೆ ಇವರು ಮೂರು ಜನ. ಅವರ ಅಪ್ಪನ್ನ ಕೇಳಿದ್ರೆ "ನಮ್ಮವ ಒಬ್ನೇ ಕಣಪ್ಪ" ಅಂತಾರೆ.

ಮಲೆ ಮಹದೇಶ್ವರ ಬೆಟ್ಟದ ಕಡೆ ಒಂದು ಪೋಡಿಂದ, ಅಂದ್ರೆ ಕಾಡಿನ ಹಾಡಿಯಿಂದ, ಬರೋ ಸೋಲಿಗರ ಹುಡುಗ ಒಬ್ಬ ಇದಾನೆ. ಅವನ ಪೋಡಲ್ಲಿ ಡಿಗ್ರಿ ಮೆಟ್ಟಿಲು ಹತ್ತಿರೋನು ಅವನೊಬ್ಬನೇ ಅಂತ ಅವನೇ ಹೇಳ್ದ. ಅವನ ಆಧಾರಿಗೆ ಲಿಂಕ್ ಆಗಿರೋದು ಅವನಪ್ಪನ ಫೋನ್ ನಂಬರು. ಅಪ್ಪ ಬೆಟ್ಟದ ಮೇಲೆ, ಅಲ್ಲಿ ನೆಟ್‌ವರ್ಕ್ ಬರೋದು ಒಂದು ಬಂಡೆ ಮೇಲೆ ಹತ್ತಿ ನಿಂತ್ರೆ ಮಾತ್ರ. ಓಟಿಪಿ ಹತ್ತು ನಿಮಿಷಕ್ಕೆ ಸತ್ತೋಗುತ್ತೆ. ಕೊನೇಗೆ ಏನು ಮಾಡಿದ್ವಿ ಅಂದ್ರೆ, ಒಂದು ದಿನ ಅವನು ಊರಿಗೆ ಹೋಗಿ ಅಪ್ಪನ ಫೋನನ್ನೇ ಇಸ್ಕೊಂಡು ಬಂದ, ಅರ್ಜಿ ಹಾಕಿದ್ವಿ, ಮಾರನೇ ದಿನ ಫೋನ್ ವಾಪಸ್ ಕೊಡೋಕೆ ಮತ್ತೆ ಹೋದ. ಆ ಎರಡು ದಿನ ಇಂಟರ್ನಲ್ ಟೆಸ್ಟ್ ಇತ್ತು. ಅದಕ್ಕೆ ಅವನಿಗೆ ಸೊನ್ನೆ. ಮೇಷ್ಟ್ರು "ಯಾಕೋ ಬರಲಿಲ್ಲ" ಅಂದಾಗ "ಓಟಿಪಿ ತರೋಕೆ ಹೋಗಿದ್ದೆ ಸಾ" ಅಂದನಂತೆ, ಕ್ಲಾಸೆಲ್ಲಾ ನಕ್ಕರಂತೆ.

ಬಸ್ ಫ್ರೀ ಅಂದ್ನಲ್ಲ, ಅದರ ಇನ್ನೊಂದು ಮುಖಾನೂ ಹೇಳ್ಬೇಕು. ಟಿಕೆಟ್ ಇಲ್ಲ ಸರಿ, ಆದ್ರೆ ಬಸ್ಸೇ ಇಲ್ವಲ್ಲ. ನಮ್ಮ ಹೋಬಳಿ ಕಡೆಗೆ ಸಂಜೆ ನಾಲ್ಕೂವರೆ ಬಿಟ್ರೆ ಮುಂದಿನದು ರಾತ್ರಿ. ಹೆಣ್ಮಕ್ಕಳು ಮೂರೂ ಮುಕ್ಕಾಲಿಗೇ ಕ್ಲಾಸಿಂದ ಎದ್ದು ಬರ್ತಾರೆ, ಕೊನೇ ಪೀರಿಯಡ್ ದಿನಾ ಹೋಗುತ್ತೆ, ಸೆಮ್ ಕೊನೇಲಿ ಶೇ. 75 ಅಟೆಂಡೆನ್ಸ್ ಇಲ್ಲ ಅಂತ ನೋಟಿಸ್ ಬೋರ್ಡಲ್ಲಿ ಹೆಸರು ಬರುತ್ತೆ. ಕಾಲೇಜು ಟೈಮ್‌ಟೇಬಲ್ ಬರೆಯೋರು ಡಿಪೋ ಮ್ಯಾನೇಜರ್ ಜೊತೆ ಒಂದು ದಿನ ಕೂತು ಮಾತಾಡಿದ್ರೆ ಮುಗಿಯೋ ವಿಷಯ ಇದು. ಪಾಠದ ಬಗ್ಗೆ ನಾನು ಜಾಸ್ತಿ ಹೇಳಲ್ಲ, ಅತಿಥಿ ಉಪನ್ಯಾಸಕರ ಮೇಲೇ ನಿಂತಿರೋ ಕಾಲೇಜುಗಳು ಇವು, 2023ರ ಕೊನೇಲಿ ಅವರು ಸೇವೆ ಕಾಯಂ ಮಾಡಿ ಅಂತ ಮುಷ್ಕರಕ್ಕೆ ಕೂತಾಗ ಏನಾಯ್ತು ಅಂತ ನಿಮಗೆ ಗೊತ್ತೇ ಇದೆ. ಮನೇಲಿ ಹೇಳ್ಕೊಡೋರು ಇರೋ ಮಗು ಹೆಂಗೋ ಪಾಸಾಯ್ತು. ಇಲ್ಲದಿರೋದಕ್ಕೆ ಇದ್ದಿದ್ದೇ ಆ ಮೇಷ್ಟ್ರು ಒಬ್ಬರು.

ನೀತಿಗಳು ಬದಲಾದಾಗ್ಲೂ ಪೆಟ್ಟು ತಿನ್ನೋದು ಈ ಮಕ್ಕಳೇ. 2021ರಲ್ಲಿ ಎನ್‌ಇಪಿ, ಅಂದ್ರೆ ಕೇಂದ್ರದ ಹೊಸ ಶಿಕ್ಷಣ ನೀತಿ, ಬಂತು, ನಾಲ್ಕು ವರ್ಷ ಆನರ್ಸ್ ಅಂದ್ರು. 2024ರಲ್ಲಿ ಮತ್ತೆ ಮೂರು ವರ್ಷಕ್ಕೆ ಬಂದ್ವಿ. ಯಾವುದು ಸರಿ ಅಂತ ವಾದ ಮಾಡೋಷ್ಟು ತಿಳಿವಳಿಕೆ ನಂಗಿಲ್ಲ. ಆದ್ರೆ ಮೂರು ವರ್ಷಕ್ಕೆ ಬಿಟ್ರೂ ಡಿಗ್ರಿ ಸಿಗುತ್ತೆ ಅನ್ನೋದು ಗೊತ್ತಿಲ್ಲದೆ, ನಾಲ್ಕನೇ ವರ್ಷದ ಫೀಸಿಗೆ ಸಾಲ ಹುಡುಕ್ತಿದ್ದ ಒಬ್ಬ ತಾಯಿ ನನ್ನ ಅಂಗಡಿಗೆ ಬಂದಿದ್ರು. 2025ರ ಫೆಬ್ರವರೀಲಿ ಒಂಬತ್ತು ಹೊಸ ಯೂನಿವರ್ಸಿಟಿಗಳನ್ನ ಮುಚ್ಚೋಕೆ ಸಂಪುಟ ಉಪಸಮಿತಿ ಹೇಳಿದೆ ಅಂತ ಸುದ್ದಿ ಬಂತು, ಅದರಲ್ಲಿ ನಮ್ಮ ಚಾಮರಾಜನಗರದ್ದೂ ಇತ್ತು. ಆ ವಾರ ಪೂರ್ತಿ ನನ್ನ ಹತ್ರ ಒಂದೇ ಪ್ರಶ್ನೆ, "ಅಣ್ಣ ನಮ್ ಮಾರ್ಕ್ಸ್ ಕಾರ್ಡ್ ನಡೀತದಾ?" ನಂಗೇನು ಗೊತ್ತು. ನಡೀತದೆ ಹೋಗ್ರೋ ಅಂದೆ. ಕಾಲೇಜಿಂದ ಒಂದು ನೋಟಿಸು, ಒಂದು ವಾಟ್ಸಾಪ್ ಮೆಸೇಜು ಬಂದಿದ್ರೆ ಅಷ್ಟು ಮಕ್ಕಳು ಒಂದು ವಾರ ನಿದ್ದೆಗೆಡ್ತಿರಲಿಲ್ಲ.

ಬಿಟ್ಟು ಹೋಗೋದು ಅಂದ್ರೆ ಒಂದು ದಿನ ಬೆಳಗ್ಗೆ ಎದ್ದು "ನಾನು ಓದಲ್ಲ" ಅನ್ನೋದಲ್ಲ ಸಾರ್. ಮೊದಲು ಒಂದು ಪೇಪರ್ ಬ್ಯಾಕ್ ಆಗುತ್ತೆ, ಸಾಮಾನ್ಯವಾಗಿ ಇಂಗ್ಲಿಷು. ಆಮೇಲೆ ಸ್ಕಾಲರ್‌ಶಿಪ್ ತಡ ಆಗುತ್ತೆ. ಹಬ್ಬಕ್ಕೆ ಬಂದ ನೆಂಟ ಬೆಂಗಳೂರಲ್ಲಿ ಸೆಕ್ಯೂರಿಟಿ ಕೆಲಸ ಇದೆ, ಊಟ ರೂಮು ಕೊಡ್ತಾರೆ ಅಂತಾನೆ. ಹುಡುಗ ಒಂದು ತಿಂಗಳು ನೋಡ್ಕೊಂಡು ಬರ್ತೀನಿ ಅಂತ ಹೋಗ್ತಾನೆ. ನನ್ನ ಅಂಗಡಿಗೆ ಅವನು ಮತ್ತೆ ಬರೋದು ಬಯೋಡೇಟಾ ಟೈಪ್ ಮಾಡ್ಸೋಕೆ. ಹೋದ ಡಿಸೆಂಬರಲ್ಲಿ ಹಿಂಗೇ ಒಬ್ಬ ಬಂದ. ನಾಲ್ಕು ಸೆಮ್ ಓದಿದ್ದ, ಮೂರರಲ್ಲಿ ಎಲ್ಲಾ ಪಾಸು. ವಿದ್ಯಾರ್ಹತೆ ಏನು ಹಾಕ್ಲಿ ಅಂದೆ. "ಪಿಯುಸಿ ಅಂತ ಹಾಕಣ್ಣ" ಅಂದ. ಡಿಗ್ರಿ ಎರಡು ವರ್ಷ ಅಂತ ಹಾಕ್ಲಾ ಅಂದ್ರೆ, "ಬ್ಯಾಡ, ಯಾಕ್ ಬಿಟ್ಟೆ ಅಂತಾರೆ" ಅಂದ. ಕಾಲೇಜಿಂದ ಯಾರಾದ್ರೂ ಫೋನ್ ಮಾಡಿದ್ರಾ ಅಂತ ಕೇಳ್ದೆ. ನನ್ನನ್ನೇ ವಿಚಿತ್ರವಾಗಿ ನೋಡ್ದ, ಅವರ್ಯಾಕೆ ಮಾಡ್ತಾರೆ ಅನ್ನೋ ಥರ.

ಹಾಲ್‌ಟಿಕೆಟ್ ವಿಷಯಾನೂ ಬರೀಲೇಬೇಕು. ಒಂದು ಕಾಲೇಜಲ್ಲಿ, ಯಾವುದು ಅಂತ ಹೇಳಲ್ಲ, ಫೀಸ್ ಬಾಕಿ ಇದೆ ಅಂತ ಪರೀಕ್ಷೆ ಹಿಂದಿನ ದಿನದವರೆಗೂ ಕೆಲವು ಮಕ್ಕಳ ಹಾಲ್‌ಟಿಕೆಟ್ ಹಿಡ್ಕೊಂಡ್ರು. ಆ ಮಕ್ಕಳ ಸ್ಕಾಲರ್‌ಶಿಪ್ ಅರ್ಜಿ ಮಂಜೂರಾಗಿ, ದುಡ್ಡು ಮಾತ್ರ ಬರದೇ ನಿಂತಿತ್ತು. ಸರ್ಕಾರದಿಂದ ಬರಬೇಕಾದ ದುಡ್ಡಿಗೆ ಮಗು ಅಡವು. ಒಬ್ಬಳು ಅವ್ವನ ಓಲೆ ಇಟ್ಟು ಕಟ್ಟಿ ಬಂದ್ಲು, ರಸೀದಿ ಜೆರಾಕ್ಸ್ ಮಾಡ್ಸೋಕೆ ನನ್ನ ಹತ್ರ ಬಂದಾಗ ಗೊತ್ತಾಯ್ತು. ಅವತ್ತು ದುಡ್ಡು ಇಸ್ಕೊಳ್ಳೋಕೆ ಕೈ ಬರಲಿಲ್ಲ.

ಓದಿಲ್ಲದೋರ ಮಕ್ಕಳಿಗೆ ಕೈ ಹಿಡಿಯೋದನ್ನ ಈ ರಾಜ್ಯಕ್ಕೆ ಯಾರೂ ಹೇಳ್ಕೊಡಬೇಕಾಗಿಲ್ಲ. ಹಿಂದುಳಿದೋರಿಗೆ ಅವಕಾಶ ಸಿಗಲಿ ಅಂತ ನಾಲ್ವಡಿಯವರು 1918ರಲ್ಲೇ ಮಿಲ್ಲರ್ ಸಮಿತಿ ಮಾಡಿದ್ರು. ದೇವರಾಜ ಅರಸು ಅವರು 1972ರಲ್ಲಿ ಹಿಂದುಳಿದ ವರ್ಗಗಳಿಗೆ ಅಂತ ಹಾವನೂರು ಆಯೋಗ ಮಾಡಿದ್ರು. ಅದಕ್ಕೂ ಹಿಂದೆ ಯಾರದೋ ಮನೇಲಿ ವಾರಾನ್ನ ಉಂಡು ಓದಿದೋರು ಇದ್ರು, ಮಠದ ಹಾಸ್ಟೆಲಲ್ಲಿ ಮುದ್ದೆ ಉಂಡು ಓದಿದೋರು ಇದ್ರು. ಹಳಬರು ಆ ಕತೆ ಹೇಳೋವಾಗ ಅನ್ನದ ಜೊತೆಗೆ ಒಬ್ಬ ಮೇಷ್ಟ್ರ ಹೆಸರೋ, ವಾರ್ಡನ್ ಹೆಸರೋ ಬಂದೇ ಬರುತ್ತೆ, ಅರ್ಜಿ ತುಂಬಿಕೊಟ್ಟೋರು, ರೈಲು ಹತ್ತಿಸಿ ಬಂದೋರು ಅಂತ. ಈಗ ಅನ್ನ ಇದೆ, ಹಾಸ್ಟೆಲ್ ಇದೆ, ಬಯೋಮೆಟ್ರಿಕ್ ಇದೆ. ಆ ಮನುಷ್ಯನ ಜಾಗಕ್ಕೆ ಪೋರ್ಟಲ್ ಬಂತು.

ಪಕ್ಕದ ರಾಜ್ಯದ್ದು ಹೇಳಿದ್ರೆ ಕೆಲವರಿಗೆ ಬೇಜಾರಾಗುತ್ತೆ, ಆದ್ರೂ ಹೇಳ್ತೀನಿ. ನಮ್ಮ ಚಿಕ್ಕಮ್ಮನ ಮಗಳನ್ನ ತಾಳವಾಡಿಗೆ ಕೊಟ್ಟಿದೆ. ಮನೇಲಿ ಕನ್ನಡಾನೇ ಮಾತು, ರಾಜ್ಯ ಮಾತ್ರ ತಮಿಳುನಾಡು. ಅವಳ ಮಗ ಇಂಜಿನಿಯರಿಂಗ್ ಸೇರೋವಾಗ ಒಂದು ಸರ್ಟಿಫಿಕೇಟ್ ಮಾಡ್ಸಿದ್ರು, ಮನೆಯ ಮೊದಲ ಪದವೀಧರ ಅಂತ. ಅಜ್ಜ ಅಜ್ಜಿ, ಅಪ್ಪ ಅಮ್ಮ, ಒಡಹುಟ್ಟಿದೋರು ಯಾರೂ ಡಿಗ್ರಿ ಮಾಡಿಲ್ಲ ಅಂತ ತಾಲ್ಲೂಕು ಕಚೇರಿ ಕಡೆಯಿಂದ ಬರೆದುಕೊಡ್ತಾರೆ, ಕೌನ್ಸೆಲಿಂಗಲ್ಲಿ ಸೀಟು ಸಿಕ್ರೆ ಟ್ಯೂಷನ್ ಫೀಸಲ್ಲಿ ರಿಯಾಯ್ತಿ. 2010ರಿಂದ ಇದೆ ಅಲ್ಲಿ. ಅದೇನು ಸಂಪೂರ್ಣ ಅಂತ ನಾನು ಹೇಳಲ್ಲ, ಒಂದು ಮನೆಗೆ ಒಬ್ಬರಿಗೇ ಸಿಗುತ್ತೆ, ತಂಗಿಗೆ ಸಿಗಲ್ಲ. ಆದ್ರೆ ಒಂದು ಮಾತು ನೋಡಿ, ಅಲ್ಲಿ ಸರ್ಕಾರ ಆ ಪ್ರಶ್ನೆ ಕೇಳುತ್ತೆ. ನಾನು ಇಷ್ಟು ವರ್ಷ ತುಂಬಿದ ಅರ್ಜಿಗಳಲ್ಲಿ ಜಾತಿ ಕೇಳಿದಾರೆ, ಆದಾಯ ಕೇಳಿದಾರೆ, ಗ್ರಾಮೀಣಾನಾ ಕೇಳಿದಾರೆ, ಕನ್ನಡ ಮಾಧ್ಯಮಾನಾ ಕೇಳಿದಾರೆ, ಬ್ಲಡ್ ಗ್ರೂಪ್ ಕೂಡ ಕೇಳಿದಾರೆ. ನಿಮ್ಮ ಮನೇಲಿ ಕಾಲೇಜು ಮೆಟ್ಟಿಲು ಹತ್ತಿದ ಮೊದಲನೆಯವರು ನೀವೇನಾ ಅಂತ ಕೇಳಿದ ಒಂದು ಅರ್ಜಿ ನನ್ನ ಕೈಗೆ ಬಂದಿಲ್ಲ.

ಇನ್ನೊಂದು ಉದಾಹರಣೆ ಕೊಟ್ಟು ಬೇಡಿಕೆಗೆ ಬರ್ತೀನಿ. 2022ರಿಂದ ಕೇಂದ್ರೀಯ ವಿಶ್ವವಿದ್ಯಾಲಯಗಳ ಡಿಗ್ರಿಗೆ ಸಿಯುಇಟಿ ಅಂತ ಪರೀಕ್ಷೆ ಇದೆ. ಹದಿಮೂರು ಭಾಷೇಲಿ ನಡೆಯುತ್ತೆ, ಅದರಲ್ಲಿ ಕನ್ನಡಾನೂ ಒಂದು. ಪಿಯುಸೀಲಿ 90ರ ಮೇಲೆ ತೆಗೆದ ಕನ್ನಡ ಮೀಡಿಯಂ ಮಕ್ಕಳು ವರ್ಷಾ ವರ್ಷ ನನ್ನ ಅಂಗಡಿಗೆ ಬರ್ತಾರೆ, ಅವರಲ್ಲಿ ಒಬ್ಬರಿಗೂ ಇದು ಗೊತ್ತಿರಲಿಲ್ಲ. ನಂಗೂ ಗೊತ್ತಾಗಿದ್ದು ಮೈಸೂರಿಂದ ಅರ್ಜಿ ಪ್ರಿಂಟ್ ತಗೊಳ್ಳೋಕೆ ಬಂದ ಒಬ್ಬ ಡಾಕ್ಟರ್ ಮಗನಿಂದ. ಅವತ್ತು ಅರ್ಜಿ ಹಾಕೋಕೆ ಕೊನೇ ದಿನ ಆಗಿತ್ತು.

ಹಂಗಾಗಿ ನನ್ನ ಬೇಡಿಕೆ ದೊಡ್ಡದೇನಲ್ಲ. ಅಡ್ಮಿಷನ್ ಅರ್ಜೀಲಿ ಆ ಒಂದು ಪ್ರಶ್ನೆ ಸೇರಿಸಿ, ಹೌದು ಅಂದ ಮಕ್ಕಳ ಪಟ್ಟಿ ಪ್ರತಿ ಕಾಲೇಜಲ್ಲೂ ಇರಲಿ, ಅವರಲ್ಲಿ ಎಷ್ಟು ಜನ ಮೂರು ವರ್ಷ ಮುಗಿಸಿದ್ರು ಅಂತ ವರ್ಷಕ್ಕೊಂದು ಸಲ ಲೆಕ್ಕ ಹಾಕಿ ಹೊರಗೆ ಹಾಕಿ. ಸ್ಕಾಲರ್‌ಶಿಪ್ ಅರ್ಜಿ ಮಂಜೂರಾಗಿರೋ ಮಗೂನ ಹಾಲ್‌ಟಿಕೆಟನ್ನ ಫೀಸಿಗೋಸ್ಕರ ಹಿಡಿಯೋ ಹಂಗಿಲ್ಲ ಅಂತ ಒಂದು ಸುತ್ತೋಲೆ ಹೊರಡಿಸಿ, ಅದನ್ನ ಆಫೀಸ್ ಗೋಡೆ ಮೇಲೆ ಕನ್ನಡದಲ್ಲಿ ಅಂಟಿಸಿ, ಮಕ್ಕಳು ಓದೋ ಎತ್ತರದಲ್ಲಿ. ಪೇರೆಂಟ್ಸ್ ಮೀಟಿಂಗನ್ನ ಬುಧವಾರ ಹನ್ನೊಂದು ಗಂಟೆಗೆ ಇಡಬೇಡಿ, ಕೂಲಿ ಬಿಟ್ಟು ಯಾರು ಬರ್ತಾರೆ, ಸಂತೆ ದಿನ ಇಡಿ, ಹೆಂಗಿದ್ರೂ ತಾಲ್ಲೂಕಿಗೆ ಬಂದಿರ್ತಾರೆ.

ಎಲ್ಲಕ್ಕಿಂತ ಮುಖ್ಯವಾಗಿ ಪ್ರತಿ ಕಾಲೇಜಲ್ಲಿ ಒಂದು ಟೇಬಲ್ಲು, ಅದರ ಹಿಂದೆ ಒಬ್ಬ ಮನುಷ್ಯ. ಈಗಿರೋ ಮೇಷ್ಟ್ರಿಗೇ ಹೆಚ್ಚುವರಿ ಚಾರ್ಜ್ ಅಂತ ಕೊಡಬೇಡಿ ದಯವಿಟ್ಟು. ಅವರಿಗೆ ಎನ್‌ಎಸ್‌ಎಸ್ಸು, ಕಾಲೇಜಿಗೆ ಗ್ರೇಡ್ ಕೊಡೋ ನ್ಯಾಕು, ಎಲೆಕ್ಷನ್ ಡ್ಯೂಟಿ ಎಲ್ಲಾ ಇದೆ, ಈ ಟೇಬಲ್ ಮೇಲೆ ಎರಡೇ ವಾರಕ್ಕೆ ಹಳೇ ಉತ್ತರ ಪತ್ರಿಕೆ ಬಂಡಲ್ ಬಂದು ಕೂರುತ್ತೆ. ಈ ಕೆಲಸಕ್ಕೇ ಅಂತ ಒಬ್ಬರು ಬೇಕು. ಅರ್ಜಿ ತುಂಬೋಕೆ, ಬ್ಯಾಂಕು ಆಧಾರ್ ನೋಡೋಕೆ, ಯಾವ ಕಾಂಬಿನೇಷನ್ ತಗೊಂಡ್ರೆ ಮುಂದೆ ಬಿ.ಎಡ್.ಗೆ ಏನಾಗುತ್ತೆ ಅಂತ ಕೂರಿಸ್ಕೊಂಡು ಹೇಳೋಕೆ, ಒಂದು ವಾರ ಮಗು ಕಾಣಲಿಲ್ಲ ಅಂದ್ರೆ ಮನೆಗೆ ಫೋನ್ ಮಾಡಿ "ಯಾಕಮ್ಮ ಬಂದಿಲ್ಲ" ಅನ್ನೋಕೆ. ಅದೇ ಕಾಲೇಜಲ್ಲಿ ಓದಿ ಮುಗಿಸಿ ಊರಲ್ಲೇ ಇರೋ ಹಳೇ ವಿದ್ಯಾರ್ಥಿಗಳು ಎಷ್ಟು ಜನ ಬೇಕು ನಿಮಗೆ? ಗೌರವಧನ ಕೊಟ್ಟು ಇಟ್ಕೊಳ್ಳಿ. ಈ ದಾರೀಲಿ ಎಡವಿದೋರಿಗೆ ಕಲ್ಲು ಎಲ್ಲಿದೆ ಅಂತ ಗೊತ್ತಿರುತ್ತೆ. ಪ್ರೊ. ಸುಖದೇವ್ ಥೋರಟ್ ಅವರ ಆಯೋಗ ರಾಜ್ಯ ಶಿಕ್ಷಣ ನೀತಿ ವರದಿ ಕೊಟ್ಟಿದ್ದು 2025ರ ಆಗಸ್ಟಲ್ಲಿ. ಅದನ್ನ ಜಾರಿ ಮಾಡೋ ಬಗ್ಗೆ ನೀವು ಕೂತು ಮಾತಾಡೋವಾಗ ಈ ಟೇಬಲ್ ವಿಷಯಾನೂ ಎತ್ತಿ.

ನೀವು ಇದನ್ನ ಮಾಡಿದ್ರೆ ನನ್ನ ವ್ಯಾಪಾರ ಅರ್ಧಕ್ಕೆ ಇಳಿಯುತ್ತೆ. ಜೂನಿಂದ ಅಕ್ಟೋಬರ್‌ವರೆಗೆ ನಾನು ದುಡಿಯೋದೇ ಈ ಮಕ್ಕಳ ಗೊತ್ತಿಲ್ಲದಿರುವಿಕೆ ಮೇಲೆ, ಅದು ನಂಗೂ ಗೊತ್ತು. ತಪ್ಪಾಗಿ ತುಂಬಿದ ಅರ್ಜಿ ಮತ್ತೆ ತುಂಬಿದ್ರೆ ಮತ್ತೆ ಐವತ್ತು ರೂಪಾಯಿ. ಎಷ್ಟೋ ಸಲ ಮನಸ್ಸಿಗೆ ಚುಚ್ಚಿದ್ರೂ ತಗೊಂಡಿದೀನಿ, ಬಾಡಿಗೆ ಕಟ್ಟಬೇಕಲ್ಲ. ವ್ಯಾಪಾರ ಹೋಗ್ಲಿ ಬಿಡಿ, ಪ್ರಾಜೆಕ್ಟ್ ಬೈಂಡಿಂಗ್ ಇದೆ, ಮದುವೆ ಕಾರ್ಡ್ ಇದೆ, ನಡೆಯುತ್ತೆ.

ಆ ಕನ್ನಡ ಟೀಚರ್ ಆಗ್ಬೇಕು ಅಂದ ಹುಡುಗಿ ಈಗ ಎರಡನೇ ವರ್ಷ. ಸ್ಕಾಲರ್‌ಶಿಪ್ ಅರ್ಜಿ ಶುರುವಾದ್ರೆ ಭಾನುವಾರ ನನ್ನ ಎರಡನೇ ಕಂಪ್ಯೂಟರ್ ಮುಂದೆ ಅವಳೇ ಕೂರ್ತಾಳೆ. ಅವಳ ಊರಿಂದ, ಅಕ್ಕಪಕ್ಕದ ಊರಿಂದ ಮಕ್ಕಳು ಹುಡುಕ್ಕೊಂಡು ಬರ್ತಾರೆ, ನನ್ನ ಹತ್ರ ಬರಲ್ಲ, ಅವಳ ಹತ್ರಾನೇ ಹೋಗ್ತಾರೆ. ಅವಳು ಎರಡು ನಿಮಿಷದಲ್ಲಿ ಏನನ್ನೂ ಒತ್ತಲ್ಲ. ಮೊದಲು "ಏನಾಗ್ಬೇಕು ಅಂತಿದ್ದೀಯ?" ಅಂತ ಕೇಳ್ತಾಳೆ, ಆಮೇಲೆ ಕಾಂಬಿನೇಷನ್ ಹೇಳ್ತಾಳೆ. ಕ್ಯೂ ನಿಧಾನ ಆಗುತ್ತೆ ಅಂತ ನಾನು ಗೊಣಗಿದ್ರೆ "ಇರಿ ಅಣ್ಣ, ಮೂರು ವರ್ಷದ್ದು" ಅಂತಾಳೆ. ಒಂದು ಅರ್ಜಿಗೆ ಇಪ್ಪತ್ತು ರೂಪಾಯಿ ಅವಳಿಗೆ ಕೊಡ್ತೀನಿ. ನಂಗೆ ಆಗೋದು ಅಷ್ಟೇ. ಮೂರನೇ ವರ್ಷ ಮುಗಿದ ಮೇಲೆ ಆ ಟೇಬಲ್ಲಿಗೆ ನೀವೇ ಅವಳನ್ನ ಕರೆಸ್ಕೊಳ್ಳಿ, ಹೆಸರು ವಿಳಾಸ ಬೇಕಿದ್ರೆ ಅವಳನ್ನ ಕೇಳಿ ತಿಳಿಸ್ತೀನಿ.

ಈ ಪತ್ರದ ಪ್ರಿಂಟನ್ನ ಸ್ಪೀಡ್ ಪೋಸ್ಟಲ್ಲೂ ಕಳಿಸಿದೀನಿ.

ಇಂತಿ ತಮ್ಮ ವಿಶ್ವಾಸಿ,
ಕಾಲೇಜು ಎದುರಿನ ಜೆರಾಕ್ಸ್ ಅಂಗಡಿಯವನು,
ಚಾಮರಾಜನಗರ ಜಿಲ್ಲೆ.